ಭಾನುವಾರದ ಮಾತುಕತೆ: ಗ್ರೀಕರ ಕೈಯಲ್ಲಿದ್ದ ಈಜಿಪ್ಟ್

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಸಂಜೆ 7ಕ್ಕೆ ಇದೇ ಗುಂಪಿನಲ್ಲಿ ಆಡಿಯೋ ಕಾಲ್ ಇದೆ. ವಿಷಯ, ಕ್ರಿ.ಪೂ. 305ರಿಂದ 30ರವರೆಗೆ ಈಜಿಪ್ಟ್ ಆಳಿದ ಗ್ರೀಕ್ ಮೂಲದ ರಾಜವಂಶ, ಟಾಲೆಮಿಗಳು. ದಯವಿಟ್ಟು ಈ ವಂಶದ ಕೊನೆಯ ರಾಣಿ ಕ್ಲಿಯೋಪಾತ್ರಳ ಚೆಲುವಿನ ಫಾರ್ವರ್ಡ್‌ಗಳು ಬೇಡ, ಅದು ಸಾಕಷ್ಟಾಗಿದೆ!

ನಾವು ಮಾತಾಡೋದು ಎಣ್ಣೆಯ ಬಗ್ಗೆ. ಹೌದು, ಅಡುಗೆಗೆ ಎಳ್ಳೆಣ್ಣೆ, ದೀಪಕ್ಕೆ ಹರಳೆಣ್ಣೆ. ಎರಡನೇ ಟಾಲೆಮಿಯ ಕಾಲದ, ಕ್ರಿ.ಪೂ. 259ರ ಒಂದು ಜೊಂಡಿನ ಕಾಗದದಲ್ಲಿ, ಅಂದರೆ ಪಪೈರಸ್‌ನಲ್ಲಿ ಇದರ ಕಾನೂನು ವಿವರವಾಗಿ ಸಿಕ್ಕಿದೆ. ಎಷ್ಟು ಎಳ್ಳು ಬಿತ್ತಬೇಕು ಅನ್ನೋದು ಸರ್ಕಾರದ ಲೆಕ್ಕ. ಬೆಳೆದದ್ದನ್ನು ಅವರು ಹೇಳಿದ ಬೆಲೆಗೇ ಕೊಡಬೇಕು. ಗಾಣದ ಕೆಲಸಗಾರ ತನ್ನ ಜಿಲ್ಲೆ ಬಿಟ್ಟು ಹೋಗುವಂತಿಲ್ಲ. ಕೆಲಸ ಇಲ್ಲದ ದಿನಗಳಲ್ಲಿ ಅಧಿಕಾರಿ ಬಂದು ಗಾಣದ ಸಾಮಾನಿಗೆ ಮುದ್ರೆ ಹಾಕಿ ಹೋಗುತ್ತಿದ್ದ. ಕದ್ದು ಎಣ್ಣೆ ತೆಗೆದರೆ ಅಂತ!

ದೊಡ್ಡ ಹುದ್ದೆ ಬಹುತೇಕ ಗ್ರೀಕರಿಗೆ, ಕಚೇರಿ ಭಾಷೆಯೂ ಗ್ರೀಕ್. ಈಜಿಪ್ಟಿನ ಫಯೂಮ್ ಪ್ರದೇಶದ ಕಡೆ ದೊಡ್ಡ ಜಮೀನು ನೋಡಿಕೊಳ್ಳುತ್ತಿದ್ದ ಜೆನಾನ್ ಎಂಬುವನ ಕಾಗದಗಳಲ್ಲಿ ಒಂಟೆ ಕೆಲಸದವನೊಬ್ಬನ ದೂರು ಇದೆ. ಸಂಬಳ ಕೊಡುತ್ತಿಲ್ಲ, ಬದಲಿಗೆ ಹುಳಿ ವೈನ್ ಕೊಡಲು ಬರುತ್ತಾರೆ, ನನಗೆ ಗ್ರೀಕರ ಹಾಗೆ ಇರೋಕೆ ಬರಲ್ಲ ಅಂತ ತಾನೇ ಈ ಅಸಡ್ಡೆ ಅನ್ನುತ್ತಾನೆ. ನನಗಂತೂ ಪಿರಮಿಡ್‌ಗಿಂತ ಈ ಕಾಗದವೇ ಇಷ್ಟ.

ಕಾಲ್‌ಗೆ ಬರುವವರು ಶನಿವಾರದೊಳಗೆ ಇಲ್ಲಿ ಒಂದು ಥಂಬ್ಸ್ ಅಪ್ ಹಾಕಿಬಿಡಿ. ಮೈಕ್ ಮ್ಯೂಟ್ ಮಾಡಿಕೊಂಡೇ ಬನ್ನಿ, ಕಳೆದ ಸಲ ಯಾರದೋ ಮನೆಯ ಕುಕ್ಕರ್ ವಿಸಿಲ್ ಜಾಸ್ತಿ ಮಾತಾಡಿತು.