ಅಮೆರಿಕದ ಡರ್ಹಮ್‌ನಲ್ಲಿರುವ ಮಗಳಿಗೊಂದು ಪತ್ರ

ಚಿ. ವಿನುತಾಳಿಗೆ ಅಮ್ಮ ಮಾಡುವ ಆಶೀರ್ವಾದಗಳು.

ಕಚೇರಿಯವರೆಲ್ಲ ಸೇರಿ ಡರ್ಹಮ್ ಬುಲ್ಸ್ ತಂಡದ ಬೇಸ್‌ಬಾಲ್ ಪಂದ್ಯ ನೋಡಲು ಹೋಗುವುದಾಗಿಯೂ, ಆ ಆಟದ ತಲೆಬುಡ ನಿನಗೆ ತಿಳಿಯದೆಂದೂ ಫೋನಿನಲ್ಲಿ ಹೇಳಿದೆ. ಹೋಗುವ ಮುನ್ನ ಒಂದು ಸಂಜೆ ಬಿಡುವು ಮಾಡಿಕೊಂಡು ‘ಬುಲ್ ಡರ್ಹಮ್’ ಚಿತ್ರವನ್ನು ನೋಡು. 1988ರಲ್ಲಿ ತೆರೆಕಂಡ ಈ ಹಾಸ್ಯಚಿತ್ರ ನೀನು ನೋಡಲಿರುವ ತಂಡದ್ದೇ ಕಥೆ. ಅದರ ಬಹುಪಾಲು ಚಿತ್ರೀಕರಣವೂ ನಿನ್ನ ಊರಿನಲ್ಲೇ ನಡೆದದ್ದು. ದುಡಿಮೆಯನ್ನು ಇಷ್ಟು ಗೌರವದಿಂದ ಕಂಡ ಹಾಸ್ಯಚಿತ್ರ ಇನ್ನೊಂದನ್ನು ನಾನು ನೋಡಿಲ್ಲ, ಆದ್ದರಿಂದಲೇ ಈ ಕಾಗದ. ಬೈಗುಳವೂ ಶಯ್ಯಾದೃಶ್ಯಗಳೂ ಅದರಲ್ಲಿ ಧಾರಾಳವಾಗಿವೆ; ನೀನು ದೊಡ್ಡವಳು, ಆ ಮಾತನ್ನು ಇಲ್ಲಿಗೇ ಬಿಡುತ್ತೇನೆ.

ಮೊದಲು, ಬುಲ್ಸ್ ಆಡುವ ಮೈನರ್ ಲೀಗ್ ಎಂದರೇನೆಂದು ಹೇಳಬೇಕು. ಅಮೆರಿಕದ ಬೇಸ್‌ಬಾಲ್‌ನ ಅತ್ಯುನ್ನತ ಮಟ್ಟವಾದ ಮೇಜರ್ ಲೀಗ್‌ನ ಪ್ರತಿಯೊಂದು ತಂಡದ ಕೆಳಗೂ ಎ, ಡಬಲ್ ಎ, ಟ್ರಿಪಲ್ ಎ ಎಂಬ ದರ್ಜೆಗಳಲ್ಲಿ ಸಣ್ಣ ಊರುಗಳ ತಂಡಗಳಿರುತ್ತವೆ, ಮತ್ತು ಆಟಗಾರನ ಒಪ್ಪಂದ ಮೇಲಿನ ತಂಡದ ಕೈಯಲ್ಲಿರುವುದರಿಂದ ಯಾರನ್ನು ಮೇಲಕ್ಕೆ ಕರೆಸಬೇಕು, ಯಾರನ್ನು ಮನೆಗೆ ಕಳುಹಿಸಬೇಕು ಎಂಬುದನ್ನು ಬೇರೆ ಯಾವುದೋ ಊರಿನಲ್ಲಿ ಕುಳಿತವರು ತೀರ್ಮಾನಿಸುತ್ತಾರೆ. ಚಿತ್ರ ತಯಾರಾದಾಗ ಬುಲ್ಸ್ ಅಟ್ಲಾಂಟಾ ಬ್ರೇವ್ಸ್‌ನ ಕೆಳಗಿನ ಎ ದರ್ಜೆಯ ತಂಡವಾಗಿತ್ತು; 1998ರಿಂದ ಟ್ಯಾಂಪಾ ಬೇ ತಂಡದ ಟ್ರಿಪಲ್ ಎ ತಂಡವಾಗಿದೆ, ಎಂದರೆ ಮೇಜರ್ ಲೀಗ್‌ಗೆ ಒಂದೇ ಮೆಟ್ಟಿಲು ಬಾಕಿ. ನೀನು ಹೋಗುವ ಮೈದಾನ 1995ರದು. ಚಿತ್ರದಲ್ಲಿ ಕಾಣುವುದು ಅದಕ್ಕಿಂತ ಹಳೆಯ ಡರ್ಹಮ್ ಅಥ್ಲೆಟಿಕ್ ಪಾರ್ಕ್.

ಈ ಅಂಗಳಕ್ಕೆ ಕ್ರಾಶ್ ಡೇವಿಸ್ ಎಂಬ ಕ್ಯಾಚರ್ ಬರುತ್ತಾನೆ. ಕೆವಿನ್ ಕಾಸ್ಟ್ನರ್ ಈ ಪಾತ್ರವನ್ನು ಮಾಡಿದ್ದಾರೆ. ಹನ್ನೆರಡು ವರ್ಷ ಮೈನರ್ ಲೀಗ್‌ಗಳಲ್ಲಿ ಸವೆದಿರುವ ಅವನನ್ನು ಟ್ರಿಪಲ್ ಎಯಿಂದ ಇಲ್ಲಿಗೆ ಇಳಿಸಿರುವುದು ಎಬಿ ಕ್ಯಾಲ್ವಿನ್ ಲಲೂಶ್ ಎಂಬ ಎಳೆಯ ಪಿಚರ್‌ನನ್ನು (ನಮ್ಮ ಬೌಲರ್‌ನಂತೆ ಚೆಂಡೆಸೆಯುವವನನ್ನು) ತಿದ್ದುವುದಕ್ಕಾಗಿ. ಹುಡುಗನ ತೋಳಿನಲ್ಲಿ ಸಿಡಿಲಿದೆ, ಹಿಡಿತ ಮಾತ್ರ ಇಲ್ಲ. ಮೊದಲ ಪಂದ್ಯದಲ್ಲೇ ಅವನು ಹದಿನೆಂಟು ಜನರನ್ನು ಸ್ಟ್ರೈಕ್‌ಔಟ್ ಮಾಡುತ್ತಾನೆ, ಎಂದರೆ ಚೆಂಡು ಹೊಡೆಯಲು ಬಿಡದೆ ಔಟಾಗಿಸುತ್ತಾನೆ, ಗುರಿತಪ್ಪಿದ ಎಸೆತಗಳಿಂದ ಇನ್ನೂ ಹದಿನೆಂಟು ಜನರಿಗೆ ಪುಕ್ಕಟೆಯಾಗಿ ಮೊದಲ ಬೇಸನ್ನು, ಎಂದರೆ ರನ್ನಿಗಾಗಿ ಮುಟ್ಟಬೇಕಾದ ನಾಲ್ಕು ನೆಲೆಗಳಲ್ಲಿ ಮೊದಲನೆಯದನ್ನು, ದಾನ ಮಾಡುತ್ತಾನೆ. ಎರಡೂ ಲೀಗಿನ ಹೊಸ ದಾಖಲೆಗಳು. ಇವರಿಬ್ಬರ ನಡುವೆ ಊರಿನ ಬೇಸ್‌ಬಾಲ್ ಅಭಿಮಾನಿ ಆನಿ ಸವಾಯ್; ಆ ಪಾತ್ರ ಸುಸಾನ್ ಸರಾಂಡನ್ ಅವರದು.

ಬೇಸ್‌ಬಾಲ್‌ನ ಕ್ಯಾಚರ್ ನಮ್ಮ ವಿಕೆಟ್ ಕೀಪರ್‌ನಂತೆ ಬ್ಯಾಟರ್‌ನ ಹಿಂದೆ ಕುಳಿತಿರುತ್ತಾನಾದರೂ, ಪ್ರತಿ ಎಸೆತ ಯಾವುದಿರಬೇಕೆಂದು ಸನ್ನೆಯಲ್ಲಿ ಸೂಚಿಸುವವನೂ ಅವನೇ. ಹುಡುಗ ಒಮ್ಮೆ ಆ ಸನ್ನೆಯನ್ನು ತಲೆಯಾಡಿಸಿ ತಳ್ಳಿಹಾಕಿ, ತನ್ನ ವೇಗದ ಎಸೆತವನ್ನೇ ಎಸೆಯುವುದಾಗಿ ಹಟ ಹಿಡಿಯುತ್ತಾನೆ. ಆಗ ಕ್ರಾಶ್ ಬರಲಿರುವ ಎಸೆತ ಯಾವುದೆಂದು ಎದುರಾಳಿ ಬ್ಯಾಟರ್‌ಗೇ ತಿಳಿಸಿಬಿಡುತ್ತಾನೆ, ಚೆಂಡು ಮೈದಾನದಾಚೆ ಹೋಗಿ ಬೀಳುತ್ತದೆ. ನಾನು ಎಷ್ಟೋ ವರ್ಷ ತರಗತಿಯಲ್ಲಿ ನಿಂತವಳು. ಪಂದ್ಯದ ನಡುವೆಯೇ ಒಂದು ಹೋಮ್ ರನ್ನನ್ನು ಪಾಠದ ಬೆಲೆಯಾಗಿ ತೆರಬಲ್ಲ ಗುರುವನ್ನು ಕಂಡು ಬೆರಗಾದೆ. ಆ ಪಾಠಕ್ಕೆ ಬೇರೆ ದಾರಿ ಇರಲಿಲ್ಲವೆಂದೇ ನನ್ನ ಅಭಿಪ್ರಾಯ.

ಇನ್ನೊಂದು ದೃಶ್ಯದಲ್ಲಿ ಕ್ರಾಶ್ ಕುಡಿದ ಅಮಲಿನಲ್ಲಿ ಒಂದು ಲೆಕ್ಕ ಹೇಳುತ್ತಾನೆ. ಅದನ್ನು ನಾನು ಕಾಗದದ ಮೇಲೆ ಮಾಡಿ ನೋಡಿದ್ದೇನೆ. ಒಂದು ಋತುವಿನಲ್ಲಿ ಐನೂರು ಸಲ ಬ್ಯಾಟು ಹಿಡಿದವನಿಗೆ 125 ಹಿಟ್ (ಹೊಡೆದ ಚೆಂಡಿನಿಂದಲೇ ಬೇಸ್ ತಲುಪಿದ ಸಲಗಳು) ದೊರೆತರೆ ಅವನ ಸರಾಸರಿ .250, ಅವನು ಸಾಧಾರಣ ಆಟಗಾರ, 150 ದೊರೆತರೆ .300, ಅವನು ಮೇಜರ್ ಲೀಗ್‌ಗೆ ಸಲ್ಲುವವನು. ಅಂತರ ಇಪ್ಪತ್ತೈದು ಹಿಟ್, ಋತುವಿನಲ್ಲಿ ಸುಮಾರು ಇಪ್ಪತ್ತೈದು ವಾರ, ಎಂದರೆ ವಾರಕ್ಕೊಂದು. ಯಾರ ಕೈಗೂ ಎಟುಕದೆ ನಡುವೆ ಬಿದ್ದ ಒಂದು ಚೆಂಡು, ಕ್ಷೇತ್ರರಕ್ಷಕನ ಕಾಲ ಬಳಿ ಪುಟಿದು ತಪ್ಪಿಹೋದ ಒಂದು ಚೆಂಡು, ಅಷ್ಟೇ ಅವನಿಗೆ ಬೇಕಾಗಿದ್ದದ್ದು. ಹನ್ನೆರಡು ವರ್ಷಗಳಲ್ಲಿ ಅವನು ಮೇಜರ್ ಲೀಗ್‌ನಲ್ಲಿದ್ದದ್ದು ಇಪ್ಪತ್ತೊಂದು ದಿನ ಮಾತ್ರ; ಬಸ್ಸಿನಲ್ಲಿ ಆ ದಿನಗಳ ಬಗ್ಗೆ, ಅಲ್ಲಿ ನಮ್ಮ ಸಾಮಾನನ್ನು ನಾವೇ ಹೊರಬೇಕಾಗಿಲ್ಲವೆಂದು ಅವನು ಹೇಳುತ್ತಿದ್ದರೆ ಉಳಿದ ಹುಡುಗರೆಲ್ಲ ಸದ್ದಿಲ್ಲದೆ ಕೇಳುತ್ತಾರೆ.

ಇಂಥ ವಿವರಗಳು ಎಲ್ಲಿಯೂ ಹುಸಿ ಎನಿಸದಿರುವುದಕ್ಕೆ ಕಾರಣವಿದೆ. ಚಿತ್ರವನ್ನು ಬರೆದು ನಿರ್ದೇಶಿಸಿದ ರಾನ್ ಶೆಲ್ಟನ್ ಸ್ವತಃ ಬಾಲ್ಟಿಮೋರ್ ಓರಿಯೋಲ್ಸ್ ಸಂಸ್ಥೆಯ ಮೈನರ್ ಲೀಗ್ ತಂಡಗಳಲ್ಲಿ ಆಡಿ, ಟ್ರಿಪಲ್ ಎವರೆಗೆ ಏರಿ, ಅಲ್ಲಿಂದಾಚೆಗೆ ಹೋಗದೆ ಆಟ ಬಿಟ್ಟವರು. ಪಿಚರ್ ಕಂಗಾಲಾದಾಗ ಆಟಗಾರರೆಲ್ಲ ಮೈದಾನದ ನಡುವೆ ಗುಂಪುಗೂಡಿ ಗಂಭೀರವಾಗಿ ಚರ್ಚಿಸುವುದು ಮದುವೆಯೊಂದಕ್ಕೆ ಯಾವ ಉಡುಗೊರೆ ಕೊಡಬೇಕೆಂಬ ವಿಷಯವನ್ನು! ಒಳಗಿದ್ದು ಬಂದವರಿಗಲ್ಲದೆ ಬೇರೆಯವರಿಗೆ ಅದು ಹೊಳೆಯುತ್ತಿರಲಿಲ್ಲ. ಆ ವರ್ಷದ ಆಸ್ಕರ್‌ಗೆ ಇದರ ಚಿತ್ರಕಥೆ ನಾಮನಿರ್ದೇಶನಗೊಂಡಿತ್ತು.

ಆನಿಯ ಬಗ್ಗೆ ನಿನಗೆ ಏನನಿಸುವುದೋ ತಿಳಿಯುವ ಕುತೂಹಲವಿದೆ. ಕಾಲೇಜಿನಲ್ಲಿ ಪಾಠ ಹೇಳುವ ಆಕೆ ಪ್ರತಿ ಋತುವಿನಲ್ಲಿ ಒಬ್ಬ ಆಟಗಾರನನ್ನು ಆರಿಸಿಕೊಂಡು, ಅವನಿಗೆ ಪ್ರೇಯಸಿಯೂ ಗುರುವೂ ಆಗಿ, ವಾಲ್ಟ್ ವಿಟ್ಮನ್‌ನ ಕವಿತೆ ಓದಿ ಕೇಳಿಸುತ್ತಾಳೆ. ನನಗೆ ಮೆಚ್ಚುಗೆಯಾದದ್ದು ಆಕೆಯ ಕಣ್ಣು. ಗ್ಯಾಲರಿಯಲ್ಲಿ ಕುಳಿತೇ ಆಟಗಾರನ ಕೌಶಲದ ದೋಷ ಹಿಡಿಯಬಲ್ಲಳು. ಬೇಸ್‌ಬಾಲನ್ನು ಧರ್ಮವೆನ್ನುವ ಆಕೆ, ಕ್ಯಾಥೊಲಿಕ್ ಜಪಸರದ ಮಣಿಗಳೂ ಬೇಸ್‌ಬಾಲ್ ಚೆಂಡಿನ ಹೊಲಿಗೆಗಳೂ ಎರಡೂ 108 ಎನ್ನುತ್ತಾಳೆ. ಚೆಂಡಿನ ಜೋಡಿ ಹೊಲಿಗೆಗಳು 108 ಇರುವುದು ನಿಜ. ಕ್ಯಾಥೊಲಿಕರ ಸಾಮಾನ್ಯ ಸರದಲ್ಲಿ 59 ಮಣಿಗಳೇ ಇರುತ್ತವೆ. 108 ಇರುವುದು ನಮ್ಮ ದೇವರ ಮನೆಯಲ್ಲಿ ನಿನ್ನ ಅಜ್ಜಿ ಇಟ್ಟುಹೋದ ಜಪಮಾಲೆಯಲ್ಲಿ.

ಲಲೂಶ್‌ನ ಹಿಂದೆ ನಿಜವಾದ ಒಬ್ಬ ಮನುಷ್ಯನಿದ್ದ. ಶೆಲ್ಟನ್‌ಗಿಂತ ಕೆಲವು ವರ್ಷ ಮುಂಚೆ ಅದೇ ಓರಿಯೋಲ್ಸ್ ಸಂಸ್ಥೆಯಲ್ಲಿದ್ದ ಸ್ಟೀವ್ ಡಾಲ್ಕೌಸ್ಕಿ 1960ರಲ್ಲಿ ಸ್ಟಾಕ್ಟನ್ ತಂಡಕ್ಕಾಗಿ 170 ಇನಿಂಗ್ಸ್ (ಮೂವರು ಔಟಾದರೆ ಒಂದು) ಎಸೆದು 262 ಸ್ಟ್ರೈಕ್‌ಔಟ್ ಪಡೆದ, ಸರಿಯಾಗಿ ಅಷ್ಟೇ ಜನಕ್ಕೆ ಪುಕ್ಕಟೆ ಬೇಸ್ ಕೊಟ್ಟ. ಅವನಷ್ಟು ವೇಗವಾಗಿ ಎಸೆದವರನ್ನು ತಾವು ಕಂಡಿಲ್ಲವೆಂದು ಎದುರಿಸಿದವರು ಹೇಳುತ್ತಿದ್ದರು. ಹಿಡಿತ ಕೈಗೂಡಿ, ಮೇಲಿನ ತಂಡ ಸೇರುವ ಹೊತ್ತಿಗೆ, 1963ರ ವಸಂತದ ಅಭ್ಯಾಸ ಪಂದ್ಯದಲ್ಲಿ ಅವನ ಮೊಣಕೈ ಕೆಟ್ಟಿತು. ಮೇಜರ್ ಲೀಗ್‌ನಲ್ಲಿ ಅವನು ಒಂದು ಎಸೆತವನ್ನೂ ಎಸೆಯಲಿಲ್ಲ. ಚಿತ್ರದ ಹುಡುಗನಿಗೆ ಮೇಲಿನಿಂದ ಕರೆ ಬರುತ್ತದೆ. ಶೆಲ್ಟನ್ ಡಾಲ್ಕೌಸ್ಕಿಗೆ ಸಿಗಬೇಕಾಗಿದ್ದದ್ದನ್ನು ಇವನಿಗೆ ಕೊಟ್ಟರೆಂದು ನಾನು ಭಾವಿಸಿದ್ದೇನೆ.

ಕ್ರಾಶ್‌ಗೆ ಸಿಗುವುದು ಬೇರೆಯೇ. ಹುಡುಗ ಮೇಲೆ ಹೋದ ಕೂಡಲೇ ಅವನ ಕೆಲಸ ಮುಗಿಯಿತೆಂದು ತಂಡ ಅವನನ್ನು ಬಿಟ್ಟುಬಿಡುತ್ತದೆ. ಅವನು ಆಶ್‌ವಿಲ್ ಊರಿನ ತಂಡಕ್ಕೆ ಹೋಗಿ, ಮೈನರ್ ಲೀಗ್ ದಾಖಲೆಯೆಂದು ಚಿತ್ರ ಹೇಳುವ 247ನೆಯ ಹೋಮ್ ರನ್ ಹೊಡೆಯುತ್ತಾನೆ. ಅಷ್ಟು ವರ್ಷ ಕೆಳಗೇ ಉಳಿದದ್ದರ ಗುರುತು ಅದೆಂದು ಅರಿತು, ಯಾರಿಗೂ ಹೇಳಬೇಡವೆಂದು ಆನಿಯ ಬಳಿ ಮೊದಲೇ ಕೇಳಿಕೊಂಡಿದ್ದಾನೆ. ಆ ಸಂಖ್ಯೆ ಕಲ್ಪಿತ. ಅಮೆರಿಕದ ಮೈನರ್ ಲೀಗ್‌ಗಳ ನಿಜದ ದಾಖಲೆ ಮೈಕ್ ಹೆಸ್‌ಮನ್‌ದು: 2015ರಲ್ಲಿ ನಿವೃತ್ತನಾಗುವಾಗ ಮೈನರ್ ಲೀಗ್‌ಗಳಲ್ಲಿ 433 ಹೋಮ್ ರನ್, ಮೇಜರ್ ಲೀಗ್‌ನಲ್ಲಿ 14. ಆ 433ನ್ನು ಬಡ ಸಾಧನೆ ಎನ್ನಲು ನನಗೆ ನಾಲಗೆ ಏಳುವುದಿಲ್ಲ, ವಿನುತಾ. ಚಿತ್ರವೂ ಕ್ರಾಶ್‌ನನ್ನು ಸೋತವನೆಂದು ಕರುಣೆಯಿಂದ ನೋಡುವುದಿಲ್ಲ, ಗೆಲುವನ್ನು ಕೊನೆಗೆ ತಂದು ಅಂಟಿಸುವುದೂ ಇಲ್ಲ. ಕಲಿತ ವಿದ್ಯೆಯನ್ನು ತನಗಿಂತ ಮೇಲೇರುವವನ ಕೈಗೆ ಪೂರ್ತಿಯಾಗಿ ಇಡುವ ಮನುಷ್ಯನನ್ನು ಅದು ತಲೆಯೆತ್ತಿ ನಿಲ್ಲಿಸುತ್ತದೆ. ಅಂಥವರನ್ನು ನಾನು ಶಾಲೆಯಲ್ಲಿ ಬಹಳ ಜನರನ್ನು ಕಂಡಿದ್ದೇನೆ, ಅವರನ್ನು ಯಾರೂ ಚಿತ್ರವಾಗಿಸಲಿಲ್ಲ.

ಈ ಆಟಗಾರರ ಕೂಲಿಯೂ ದಶಕಗಳ ಕಾಲ ತೀರಾ ಕಡಿಮೆಯಿತ್ತು. 2022ರಲ್ಲಿ ಅವರು ಆಟಗಾರರ ಸಂಘವನ್ನು ಸೇರಿದರು. ಮರುವರ್ಷದ ಮೊದಲ ಒಪ್ಪಂದದಿಂದ ಟ್ರಿಪಲ್ ಎ ಆಟಗಾರರ ಕನಿಷ್ಠ ವರಮಾನ 17,500 ಡಾಲರ್‌ನಿಂದ 35,800ಕ್ಕೆ ಏರಿತು. ನೀನು ನೋಡುವ ಹುಡುಗರು ಆ ಒಪ್ಪಂದದ ನಂತರದವರು.

ಪಂದ್ಯದ ದಿನ ಎಡಗಡೆಯ ಬೇಲಿಯ ಮೇಲಿರುವ ದೊಡ್ಡ ಗೂಳಿಯ ಫಲಕವನ್ನು ನೋಡಲು ಮರೆಯಬೇಡ. ಚಿತ್ರಕ್ಕಾಗಿ ಮಾಡಿಸಿದ ಗೂಳಿ ಜನಕ್ಕೆ ಹಿಡಿಸಿ ಹಳೆಯ ಮೈದಾನದಲ್ಲೇ ಉಳಿದುಕೊಂಡಿತು, ಹೊಸ ಮೈದಾನದಲ್ಲಿರುವುದು ಅದರ ವಂಶದ್ದು. ಆಮೇಲೆ ಕ್ಯಾಚರ್‌ನ ಮೇಲೆ ಕಣ್ಣಿಡು. ಅವನ ವಯಸ್ಸೆಷ್ಟು, ಇದಕ್ಕೂ ಮುಂಚೆ ಯಾವ ಯಾವ ಊರುಗಳಿಗೆ ಆಡಿದ್ದಾನೆ ಎಂಬುದನ್ನು ತಂಡದ ಪಟ್ಟಿಯಲ್ಲಿ ಹುಡುಕಿ ನನಗೆ ಬರೆ.

ಇಂತು,
ನಿನ್ನ ಅಮ್ಮ