ಅಜ್ಜಿ ಅಕ್ಕಲಕೋಟೆಗೆ ಒಬ್ಬಳೇ ಹೋಗುತ್ತಾಳೆ, ನಾನು ಕಾಲೇಜಿಂದ ಬರಲಾರೆ

ಪುಣೆಯ ನಮ್ಮ ಕ್ಷೇತ್ರದ ಶಾಸಕರಿಗೆ,

ನಮಸ್ಕಾರ. ಈ ಪತ್ರದ ಮರಾಠಿ ಪ್ರತಿಯನ್ನು ನಿಮ್ಮ ಕಚೇರಿಗೆ ಕೊಟ್ಟಿದ್ದೇನೆ. ಇದು ನಮ್ಮ ಗಲ್ಲಿಯವರಿಗಾಗಿ. ಇಲ್ಲಿ ಅರ್ಧ ಮನೆಗಳಲ್ಲಿ ಕನ್ನಡವೇ ಮಾತು.

ನಾನು ಎಂಜಿನಿಯರಿಂಗ್ ಓದುತ್ತಿದ್ದೇನೆ. ನಾನು ಸೇರಿದ ವರ್ಷ, 2024ರಲ್ಲಿ, ವರ್ಷಕ್ಕೆ 8 ಲಕ್ಷದೊಳಗೆ ಆದಾಯವಿರುವ ನಮ್ಮಂಥ ಒಬಿಸಿ ಮನೆಯ ಹುಡುಗಿಯರಿಗೆ ಸರ್ಕಾರ ಬೋಧನಾ ಶುಲ್ಕ, ಪರೀಕ್ಷಾ ಶುಲ್ಕ ಪೂರ್ತಿ ಮನ್ನಾ ಮಾಡಿತು. ಅಪ್ಪ ನನ್ನ ಮದುವೆ ಮಾತು ಮುಂದೆ ಹಾಕಿದ್ದೇ ಅದರಿಂದ. ಥ್ಯಾಂಕ್ಸ್ ಹೇಳಲೇಬೇಕು.

ಆದರೆ ಲ್ಯಾಬ್ ಮುಗಿಯುವುದು ಸಂಜೆ ಆರೂವರೆಗೆ. ಏಳರ ಬಸ್ಸು ಎಷ್ಟೋ ದಿನ ಬರುವುದೇ ಇಲ್ಲ. ಮುಂದಿನದು ಎಂಟೂಕಾಲಿಗೆ. ಸ್ಟಾಪಿನ ದೀಪ ಮಳೆಗಾಲದಿಂದ ಉರಿದಿಲ್ಲ.

'ದೀಪ ಹಚ್ಚೋ ಹೊತ್ತಿಗೆ ಹೆಣ್ಮಗಳು ಮನ್ಯಾಗ ಇರಬೇಕು' ಅನ್ನುತ್ತಾಳೆ ಅಜ್ಜಿ. ಅವಳಿಗೆ 78. ಅಜ್ಜ ಇದ್ದಾಗ ಒಬ್ಬಳೇ ಹೊಸಿಲು ದಾಟಿದವಳಲ್ಲ. 2022ರ ಆಗಸ್ಟಿನಲ್ಲಿ 75 ದಾಟಿದವರಿಗೆ ಎಸ್‌ಟಿ ಬಸ್ಸು, ಅಂದರೆ ರಾಜ್ಯ ಸಾರಿಗೆ ಬಸ್ಸು, ಉಚಿತವಾಯಿತು ನೋಡಿ, ಈಗ ತಿಂಗಳಿಗೊಂದು ಗುರುವಾರ ಬುತ್ತಿ ಕಟ್ಟಿಕೊಂಡು ಅಕ್ಕಲಕೋಟೆಗೆ ಸ್ವಾಮಿ ಸಮರ್ಥರ ದರ್ಶನಕ್ಕೆ ಹೊರಡುತ್ತಾಳೆ. ಒಬ್ಬಳೇ! ಸಂಪ್ರದಾಯ ಅವಳನ್ನು ತಡೆಯಲಿಲ್ಲ. ಬಸ್ಸು ಹೇಳಿದ ಹೊತ್ತಿಗೆ ಬರುತ್ತದಲ್ವಾ, ಅದಕ್ಕೆ.

ಕಾಲೇಜಿನಲ್ಲಿ 'ಸಂಪ್ರದಾಯವೋ ಸ್ವಾತಂತ್ರ್ಯವೋ' ಅಂತ ಚರ್ಚಾ ಸ್ಪರ್ಧೆ ಇಡುತ್ತಾರೆ. ನಾನು ಶ್ರಾವಣ ಶುಕ್ರವಾರ ಉಪವಾಸ ಮಾಡುತ್ತೇನೆ. ಹಿಂಜವಡಿಯ ಕಂಪನಿಗಳಿಗೆ ಇಂಟರ್ನ್‌ಶಿಪ್ ಅರ್ಜಿಯನ್ನೂ ಹಾಕಿದ್ದೇನೆ. ಇವೆರಡಕ್ಕೂ ನಮ್ಮ ಮನೆಯಲ್ಲಿ ಯಾವತ್ತೂ ಜಗಳ ಆಗಿಲ್ಲ. ಜಗಳ ಆಗುವುದು ಬಸ್ಸು ತಪ್ಪಿದ ದಿನ. ಅವತ್ತು ಅಜ್ಜಿಯ ಮಾತೇ ಸರಿಯಾಗಿಬಿಡುತ್ತದೆ.

ಭಿಡೆ ವಾಡಾ ಎಂಬ ಮನೆಯಲ್ಲಿ 1848ರಲ್ಲೇ ಹುಡುಗಿಯರ ಶಾಲೆ ತೆರೆದ ಊರಿದು. ಅಲ್ಲಿ ಪಾಠ ಹೇಳಲು ಹೋಗುವ ಸಾವಿತ್ರಿಬಾಯಿ ಫುಲೆಯವರ ಮೇಲೆ ಜನ ಸಗಣಿ ಎಸೆಯುತ್ತಿದ್ದರಂತೆ. ಅದಕ್ಕೇ ಅವರು ಇನ್ನೊಂದು ಸೀರೆ ಜೊತೆಗಿಟ್ಟುಕೊಳ್ಳುತ್ತಿದ್ದರಂತೆ. ಈಗ ಎಸೆಯುವವರಿಲ್ಲ. ನಮ್ಮ ಚೀಲದಲ್ಲಿರುವುದು ಪವರ್ ಬ್ಯಾಂಕ್. ಕತ್ತಲಲ್ಲಿ ಮೊಬೈಲ್ ಆಫ್ ಆದರೆ ಅಮ್ಮ ನೀರೂ ಕುಡಿಯದೆ ಬಾಗಿಲಲ್ಲೇ ನಿಂತಿರುತ್ತಾಳೆ.

ಆರೂವರೆಯಿಂದ ಒಂಬತ್ತರವರೆಗೆ ಇಪ್ಪತ್ತು ನಿಮಿಷಕ್ಕೊಂದು ಬಸ್ಸು ಬಿಡಿಸಿ. ಸ್ಟಾಪಿನ ದೀಪ ಹಾಕಿಸಿ. ಸುಮ್ನೆ ಇನ್ನೊಂದು ಮಹಿಳಾ ದಿನದ ಬ್ಯಾನರ್ ಬೇಡ.

ಒಂದು ಸಂಜೆ ಕಾರು ಬಿಟ್ಟು ಏಳಕ್ಕೆ ನಮ್ಮ ಸ್ಟಾಪಿಗೆ ಬನ್ನಿ. ಬಸ್ಸು ಸಿಕ್ಕರೆ ಮನೆಗೂ ಬಂದು ಚಹಾ ಕುಡಿದು ಹೋಗಿ. ಈ ಗುರುವಾರ ಮಾತ್ರ ಬೇಡ, ಅಜ್ಜಿ ಊರಲ್ಲಿರುವುದಿಲ್ಲ.

ಇಂತಿ,
ನಿಮ್ಮ ಕ್ಷೇತ್ರದ ಒಬ್ಬ ವಿದ್ಯಾರ್ಥಿನಿ