ಊರುಗೋಲು ಬಿಟ್ಟ ದಿನ ಥೆಲ್ಮಾ ರಿಟರ್ ಅವರನ್ನು ನೆನೆದು

ಕಳೆದ ಭಾನುವಾರ ಊರುಗೋಲಿನ ಆಸರೆಯಿಲ್ಲದೆ ಮನೆಯ ಮೆಟ್ಟಿಲಿಳಿದು, ಬೀದಿಯ ತಿರುವಿನವರೆಗೆ ನಡೆದು ಹಿಂತಿರುಗಿದೆ. ತೊಡೆಯ ಮೂಳೆ ಮುರಿದು ಮಲಗಿದ್ದ ಐದು ತಿಂಗಳು ನನ್ನನ್ನು ನೋಡಿಕೊಂಡವರಿಗೆಲ್ಲ ಕೃತಜ್ಞತೆ ತಿಳಿಸಲು ಕುಳಿತಾಗ, ಅವರ ಜೊತೆಯಲ್ಲೇ ನೆನಪಿಗೆ ಬಂದವರು 1969ರಲ್ಲಿ ತೀರಿಕೊಂಡ ಅಮೆರಿಕದ ಪೋಷಕ ನಟಿ ಥೆಲ್ಮಾ ರಿಟರ್.

ಮೊದಲ ವಾರದಲ್ಲೇ ತಂಗಿ ನನಗೆ ಹಿಚ್‌ಕಾಕ್ ನಿರ್ದೇಶನದ 'ರಿಯರ್ ವಿಂಡೋ' (1954) ತೋರಿಸಿದಳು. ಕಾಲಿಗೆ ಪ್ಲಾಸ್ಟರ್ ಹಾಕಿಸಿಕೊಂಡು ಕಿಟಕಿಯ ಬಳಿ ಕುಳಿತ ಛಾಯಾಗ್ರಾಹಕನ ಮನೆಗೆ ದಿನವೂ ಬರುವ ದಾದಿ ಸ್ಟೆಲ್ಲಾ ಆಗಿ ಥೆಲ್ಮಾ ಅವರು ಅವನ ಬೆನ್ನು ತಿಕ್ಕುತ್ತಲೇ, ನೆರೆಯವರ ಮನೆಗಳಲ್ಲಿ ಇಣುಕಬೇಡವೆಂದು ಬೈಯುತ್ತಾರೆ. ನನ್ನ ಶುಶ್ರೂಷೆಗೆ ಬರುತ್ತಿದ್ದ ಸಿಸ್ಟರ್ ಅದನ್ನು ನಿಂತು ನೋಡಿ, "ಟೀಚರ್, ಆ ಕೈ ನೋಡಿ, ಕೆಲಸ ಮಾಡಿ ರೂಢಿಯಿರುವ ಕೈ" ಎಂದರು. ಥೆಲ್ಮಾ ಅವರ ನಟನೆಯ ಬಗ್ಗೆ ಇದಕ್ಕಿಂತ ನಿಖರವಾದ ಮಾತನ್ನು ನಾನು ಕೇಳಿಲ್ಲ.

1902ರಲ್ಲಿ ಬ್ರೂಕ್ಲಿನ್‌ನಲ್ಲಿ ಹುಟ್ಟಿದ ಥೆಲ್ಮಾ, ನ್ಯೂಯಾರ್ಕಿನ ಅಮೆರಿಕನ್ ಅಕಾಡೆಮಿ ಆಫ್ ಡ್ರಮ್ಯಾಟಿಕ್ ಆರ್ಟ್ಸ್‌ನಲ್ಲಿ ಕಲಿತು ರಂಗಭೂಮಿಗೆ ಬಂದವರು. ಮಕ್ಕಳನ್ನು ಬೆಳೆಸಲು ವೃತ್ತಿಯನ್ನು ಬದಿಗಿಟ್ಟು, ರೇಡಿಯೋ ಮೂಲಕ ಅದಕ್ಕೆ ಮರಳಿದರು. 1947ರಲ್ಲಿ 'ಮಿರಾಕಲ್ ಆನ್ 34ನೇ ಸ್ಟ್ರೀಟ್' ಚಿತ್ರದಲ್ಲಿ ಮಗನಿಗಾಗಿ ಆಟಿಕೆ ಹುಡುಕಿ ದಣಿದ ತಾಯಿಯಾಗಿ ಕ್ಷಣಕಾಲ ತೆರೆಯ ಮೇಲೆ ಬಂದಾಗ ಅವರಿಗೆ 45 ವರ್ಷ, ಹೆಸರಿನ ಪಟ್ಟಿಯಲ್ಲಿ ಅವರ ಹೆಸರೂ ಇರಲಿಲ್ಲ. ಆಮೇಲೆ 1950ರಿಂದ 1953ರವರೆಗಿನ ಚಿತ್ರಗಳಿಗೆ ಸತತ ನಾಲ್ಕು ಬಾರಿ, ಒಟ್ಟು ಆರು ಬಾರಿ, ಪೋಷಕ ನಟಿಯ ಆಸ್ಕರ್‌ಗೆ ನಾಮನಿರ್ದೇಶನಗೊಂಡರು. ಒಮ್ಮೆಯೂ ಪ್ರಶಸ್ತಿ ಬರಲಿಲ್ಲ. ರಂಗಭೂಮಿ ಮಾತ್ರ 1958ರಲ್ಲಿ ಗ್ವೆನ್ ವೆರ್ಡನ್ ಅವರೊಂದಿಗೆ ಜಂಟಿಯಾಗಿ ಟೋನಿ ಪ್ರಶಸ್ತಿ ಕೊಟ್ಟಿತು.

ಆ ಆರರಲ್ಲಿ ನನ್ನನ್ನು ಬಹುವಾಗಿ ಕಾಡಿದ್ದು ಸ್ಯಾಮ್ಯುಯೆಲ್ ಫುಲ್ಲರ್ ಅವರ 'ಪಿಕಪ್ ಆನ್ ಸೌತ್ ಸ್ಟ್ರೀಟ್' (1953). ಟೈ ಮಾರುತ್ತ, ಪೊಲೀಸರಿಗೆ ಸುಳಿವು ಮಾರುತ್ತ, ಅನಾಥ ಹೆಣವಾಗಬಾರದೆಂದು ತನ್ನ ಅಂತ್ಯಕ್ರಿಯೆಗೆ ಹಣ ಕೂಡಿಡುವ ಮೋ ಎಂಬ ಮುದುಕಿ, ಕೊಲೆಗಾರ ಕೋಣೆಗೆ ಬಂದು ನಿಂತಾಗಲೂ ಅವನು ಕೇಳುವ ವಿಳಾಸವನ್ನು ಹೇಳುವುದಿಲ್ಲ. ಸಾವಿನ ಭಯಕ್ಕಿಂತ ದಿನವಿಡೀ ಅಲೆದ ಕಾಲುಗಳ ದಣಿವೇ ಆ ದೃಶ್ಯದಲ್ಲಿ ಥೆಲ್ಮಾ ಅವರ ದನಿಯನ್ನು ತುಂಬಿದೆ. ರಾತ್ರಿ ನೋವಿನಿಂದ ನಿದ್ರೆ ಬಾರದಿದ್ದಾಗ ನಾನು ಆ ದನಿಯನ್ನು ಮತ್ತೆ ಮತ್ತೆ ಕೇಳಿದ್ದೇನೆ. 'ಆಲ್ ಅಬೌಟ್ ಈವ್' (1950) ಚಿತ್ರದಲ್ಲಿ, ಹೆಸರಾಂತ ನಟಿಯೊಬ್ಬಳ ಆಶ್ರಯಕ್ಕೆ ಬಂದ ತರುಣಿ ಈವ್‌ಳ ಕಪಟವನ್ನು ಎಲ್ಲರಿಗಿಂತ ಮೊದಲು ಶಂಕಿಸುವ, ಆ ನಟಿಯ ಸಹಾಯಕಿ ಬರ್ಡಿಯ ಪಾತ್ರ ಅವರದು. ಆ ಪಾತ್ರ ನಡುವಿನಲ್ಲೇ ಮರೆಯಾಗುತ್ತದೆ. ಅದು ನನಗೆ ಇಂದಿಗೂ ಆ ಚಿತ್ರದ ಕೊರತೆಯಾಗಿಯೇ ಕಾಣುತ್ತದೆ.

ಹುಡುಕಿ ಹುಡುಕಿ ಈ ಚಿತ್ರಗಳನ್ನು ತಂದುಕೊಟ್ಟ ಹಳೆಯ ವಿದ್ಯಾರ್ಥಿಗಳಿಗೆ, ನಾನು ಅತ್ತಾಗಲೂ ಬಿಡದೆ ಹೆಜ್ಜೆ ಇಡಿಸಿದ ಫಿಸಿಯೋಥೆರಪಿಸ್ಟ್‌ಗೆ, ದಿನವೂ ಸಾರು ಕಳಿಸಿದ ಪಕ್ಕದ ಮನೆಯ ಅಕ್ಕನಿಗೆ, ತನ್ನ ರಜೆಗಳನ್ನೆಲ್ಲ ನನಗಾಗಿ ಮುಗಿಸಿಕೊಂಡ ತಂಗಿಗೆ ನನ್ನ ಹೃತ್ಪೂರ್ವಕ ನಮಸ್ಕಾರಗಳು. ಸಿಸ್ಟರ್ ಅವರಿಗೆ ಬರಿಯ ನಮಸ್ಕಾರ ಸಾಲದು. ಬರುವ ಭಾನುವಾರ ಅವರು ಊಟಕ್ಕೆ ಬರುತ್ತಾರೆ. ಥೆಲ್ಮಾ ಅವರು ತಾಯಿಯೆಂಬುದನ್ನು ಮುಚ್ಚಿಟ್ಟು ಮಗನ ಮನೆಯಲ್ಲೇ ಅಡುಗೆಯವಳಾಗಿ ದುಡಿಯುವ 'ದಿ ಮೇಟಿಂಗ್ ಸೀಸನ್' (1951) ಚಿತ್ರವನ್ನು ಇಬ್ಬರೂ ಕುಳಿತು ನೋಡಲಿದ್ದೇವೆ. ಅಂದಿನ ಅಡುಗೆಯನ್ನು ನಾನೇ ನಿಂತು ಮಾಡುತ್ತೇನೆ.